ಕಂಬಳಿ ಹೊದ್ದ ಕನ್ನಡಕ

ಅಮರಮ್ಮನವರ ಕಂಪ್ಯೂಟರಿನಲ್ಲಿ ಆ ಮನೆ ಮೊದಲ ಸಲ ಕಾಣಿಸಿಕೊಂಡದ್ದು 2024ರ ಸೆಪ್ಟೆಂಬರ್ ಮೂರನೆಯ ತಾರೀಖು, ಮಂಗಳವಾರ, ಬೆಳಿಗ್ಗೆ ಒಂಬತ್ತು ಗಂಟೆ ಹತ್ತು ನಿಮಿಷಕ್ಕೆ. ನೆರೆಮನೆಯಿಂದ ಕಚೇರಿಗೆ ಹೊರಟಿದ್ದ ನಾನು ಅವರು ಕೂಗಿದ್ದು ಕೇಳಿ ಒಳಗೆ ಹೋಗಿದ್ದೆ. ಪರದೆಯ ತುಂಬ ಒಂದು ಮನೆ ಇತ್ತು. ಬೆಟ್ಟದ ನೆತ್ತಿಯ ಮೇಲೆ ಕಟ್ಟಿದ್ದು. ಗೋಡೆ ಇರಬೇಕಾದಲ್ಲಿ ಗಾಜು, ಗಾಜಿನಾಚೆ ನೀಲಿ ಆಕಾಶ, ನಡುವೆ ಉದ್ದನೆಯ ಒಂದು ಸೋಫಾ. ಜನರಿರಲಿಲ್ಲ. ಇಡೀ ಚಿತ್ರ ಒಂದು ಕಡೆಗೆ ವಾಲಿಕೊಂಡಿತ್ತು, ಯಾರೋ ತಲೆಯನ್ನು ಓರೆ ಮಾಡಿ ಆ ಮನೆಯನ್ನು ನೋಡುತ್ತಿರುವ ಹಾಗೆ.

"ಅಣ್ಣಾರ, ಇದು ಯಾರ ಮನೀರಿ?" ಎಂದು ಅಮರಮ್ಮ ಕೇಳಿದರು.

"ಗೊತ್ತಿಲ್ಲವ್ವ" ಎಂದೆ. ಆ ತಿಂಗಳು ನಾನು ಅತಿ ಹೆಚ್ಚು ಸಲ ಆಡಿದ ಮಾತು ಅದೇ ಇರಬೇಕು.

ಅಮರಮ್ಮನವರಿಗೆ ಆಗ ನಲವತ್ತಾರು ವರ್ಷ. ನಾರಾಯಣಪೇಟೆಯ ನಮ್ಮ ಓಣಿಯಲ್ಲಿ 'ಗ್ರಾಫಿನ ಅಮರಮ್ಮ' ಎಂದರೆ ಮಾತ್ರ ಅವರ ಮನೆ ತೋರಿಸುತ್ತಾರೆ. ಸೀರೆಯ ಅಂಚಿಗೂ ಸೆರಗಿಗೂ ಬರಬೇಕಾದ ಚಿತ್ತಾರವನ್ನು ಚೌಕುಳಿ ಕಾಗದದ ಮೇಲೆ ಒಂದೊಂದೇ ಚೌಕ ತುಂಬಿ ಬರೆದುಕೊಡುವುದು ಅವರ ಕೆಲಸ. ಆ ಕಾಗದವನ್ನು ನೋಡಿ ರಟ್ಟಿನ ಕಾರ್ಡುಗಳಿಗೆ ತೂತು ಹೊಡೆಯುತ್ತಾರೆ. ಕಾರ್ಡುಗಳನ್ನು ಸರಪಳಿಯಂತೆ ಹೊಲಿದು ಮಗ್ಗದ ನೆತ್ತಿಗೆ ಏರಿಸಿದ ಮೇಲೆ ಯಾವ ಎಳೆ ಏಳಬೇಕು, ಯಾವುದು ಕೆಳಗೇ ಉಳಿಯಬೇಕು ಎಂಬುದನ್ನು ಆ ತೂತುಗಳು ನಿರ್ಧರಿಸುತ್ತವೆ. ಗ್ರಾಫಿನಲ್ಲಿ ಒಂದು ಚೌಕ ತಪ್ಪಿದರೆ ಸೀರೆಯ ಉದ್ದಕ್ಕೂ ಅದೇ ತಪ್ಪು ಮತ್ತೆ ಮತ್ತೆ ಮೂಡುತ್ತದೆ. ಅಮರಮ್ಮ ಬರೆದ ಗ್ರಾಫಿನಲ್ಲಿ ಅಂಥ ತಪ್ಪು ಸಿಕ್ಕಿದ್ದನ್ನು ನಾನು ಕೇಳಿದ್ದಿಲ್ಲ.

ಅವರು ನೇಕಾರರ ಮನೆಯಲ್ಲಿ ಹುಟ್ಟಿದವರಲ್ಲ. ಕೊತ್ತಪಲ್ಲಿಯ ಕುರುಬರ ಮನೆ ಅವರದು, ಬೀರಪ್ಪನ ಒಕ್ಕಲು. ಶಾಲೆ ಐದನೆಯ ತರಗತಿಗೆ ನಿಂತಿತು. ಲೆಕ್ಕ ಕಲಿತದ್ದು ಕುರಿದೊಡ್ಡಿಯ ಬಾಯಲ್ಲಿ. ಸಂಜೆ ಕುರಿಗಳು ಒಳಗೆ ನುಗ್ಗುವಾಗ ನಾಲ್ಕು ನಾಲ್ಕಾಗಿ ಎಣಿಸಬೇಕಿತ್ತು. ಎಣಿಕೆ ತಪ್ಪಿದರೆ ಎಲ್ಲವನ್ನೂ ಹೊರಗಟ್ಟಿ ಮತ್ತೆ ಮೊದಲಿನಿಂದ ಎಣಿಸಬೇಕಿತ್ತು. ಹತ್ತೊಂಬತ್ತನೆಯ ವಯಸ್ಸಿಗೆ ಎಲ್ಲಪ್ಪನವರನ್ನು ಮದುವೆಯಾಗಿ ನಾರಾಯಣಪೇಟೆಗೆ ಬಂದು, ಒಂದು ಮಗ್ಗದ ಮನೆಯಲ್ಲಿ ಲಾಳಿಯೊಳಗಿನ ಕಂಡಿಕೆಗೆ ನೂಲು ಸುತ್ತುವ ಕೆಲಸಕ್ಕೆ ಸೇರಿದರು. ಅಲ್ಲಿ ಪೆದ್ದಯ್ಯ ಎಂಬ ಹಿರಿಯರು ಗ್ರಾಫ್ ಬರೆಯುತ್ತಿದ್ದರು. ಒಂದು ದಿನ ಅಮರಮ್ಮ ಅವರ ಬೆನ್ನ ಹಿಂದೆ ನಿಂತು, "ತಾತಾ, ಹನ್ನೊಂದನೇ ಸಾಲಿನ್ಯಾಗ ಒಂದು ಕುರಿ ಕಡಿಮಿ ಐತ್ರಿ" ಎಂದರಂತೆ. ಪೆದ್ದಯ್ಯ ಎಣಿಸಿ ನೋಡಿದರು. ಒಂದು ಚೌಕ ಬಿಟ್ಟುಹೋಗಿತ್ತು. ಮರುದಿನದಿಂದ ಕಂಡಿಕೆ ಬಿಡಿಸಿ ಪಕ್ಕದಲ್ಲಿ ಕೂರಿಸಿಕೊಂಡರು.

ಪೆದ್ದಯ್ಯ ಕಲಿಸಿದ ಪಾಠಗಳಲ್ಲಿ ಒಂದನ್ನು ಅಮರಮ್ಮ ಈಗಲೂ ದೇವರ ಮಾತಿನಂತೆ ಪಾಲಿಸುತ್ತಾರೆ: ತುದಿ ಗೊತ್ತಿಲ್ಲದ ಎಳೆಗೆ ಕತ್ತರಿ ಹಾಕಬಾರದು. ಮಗ್ಗದ ಮನೆಯಲ್ಲಿ ಇದು ಸರಿಯಾದ ಮಾತು. ಕಂಪ್ಯೂಟರಿನ ಹಿಂಬದಿಯಲ್ಲಿ ಅದು ನಮ್ಮನ್ನು ಒಂದು ತಿಂಗಳು ಕಟ್ಟಿಹಾಕಿತು.

ಕಂಪ್ಯೂಟರ್ ಅವರ ಮನೆಗೆ ಬಂದದ್ದಕ್ಕೆ ಕಣ್ಣು ಕಾರಣ. ಎರಡು ವರ್ಷದಿಂದ ಕಾಗದದ ಚೌಕಗಳು ಒಂದರ ಮೇಲೊಂದು ಏರಿ ಕಾಣತೊಡಗಿದ್ದವು. ಪೊರೆ ತೆಗೆಸಿದ ಮೇಲೆ ದೂರದ್ದೆಲ್ಲ ತಿಳಿಯಾಯಿತು. ಚೌಕಗಳು ಮಾತ್ರ ಆಗಲಿಲ್ಲ. ಅದೇ ಹೊತ್ತಿಗೆ ಗದ್ವಾಲದ ಸಿದ್ದರಾಮೇಶ ಕಾರ್ಡಿಗೆ ತೂತು ಹೊಡೆಯಲು ಹೊಸ ಯಂತ್ರ ತಂದ. ಹನ್ನೆರಡು ಮಗ್ಗಗಳ ಒಡೆಯನಾದ ಅವನಿಗೆ ಅಮರಮ್ಮ ಹನ್ನೊಂದು ವರ್ಷದಿಂದ ಗ್ರಾಫ್ ಬರೆದುಕೊಡುತ್ತಿದ್ದರು. ಅವನ ಹೊಸ ಯಂತ್ರ ಕಾಗದವನ್ನು ಓದುತ್ತಿರಲಿಲ್ಲ. ಅದಕ್ಕೆ ಕಂಪ್ಯೂಟರಿನಲ್ಲಿ ಬರೆದ ಫೈಲೇ ಬೇಕು. ಅವನು ಫೋನಿನಲ್ಲಿ ಹೇಳಿದ ಮಾತನ್ನು ಅಮರಮ್ಮ ನನಗೆ ಮೂರು ಸಲ ಹೇಳಿದ್ದರಿಂದ ಅದು ನನಗೂ ಬಾಯಿಪಾಠವಾಗಿದೆ.

"ಅಕ್ಕಾರ, ನಿಮ್ಮ ಕೈ ಬಿಟ್ಟು ಬ್ಯಾರೇರಿಗೆ ಕೊಡಾಕ ನನಗೂ ಮನಸಿಲ್ರಿ. ಆದ್ರ ಮಹಾಲಯ ಅಮಾಸಿಗಿಂತ ಮೊದಲ ಗುಡಿ ಅಂಚಿನ ಫೈಲ್ ನನ್ನ ಕೈಗೆ ಬರ್ಬೇಕು. ನವರಾತ್ರಿ ಮೊದಲನೇ ದಿನ ಹೊಸ ಹಾಸು ಮಗ್ಗಕ್ಕ ಏರ್ತೈತಿ. ನಿಮ್ಮಿಂದ ಆಗ್ಲಿಲ್ಲಂದ್ರ ಇನ್ನ ಮುಂದಿನ ಗ್ರಾಫೆಲ್ಲ ಹೈದರಾಬಾದಿನವ್ರು ಮಾಡ್ತಾರ."

ಹಾಸು ಎಂದರೆ ಮಗ್ಗಕ್ಕೆ ಉದ್ದಕ್ಕೆ ಕಟ್ಟುವ ಎಳೆಗಳು; ಗುಡಿ ಅಂಚು ಎಂದರೆ ಗೋಪುರದ ಮೆಟ್ಟಿಲುಗಳಂತೆ ಏರಿಳಿಯುವ ಅಂಚು. ಅಮರಮ್ಮ ಇನ್ನು ಮುಂದೆಯೂ ಗ್ರಾಫ್ ಬರೆಯುವವರಾಗಿ ಉಳಿಯುವುದು ಆ ಒಂದು ಅಂಚಿನ ಮೇಲೆ ನಿಂತಿತು.

"ಗ್ರಾಫ್ ಹೋದ್ರ ನಾ ಏನ್ ಉಳೀತೀನ್ರಿ ಅಣ್ಣಾರ? ಈ ವಯಸ್ಸಿನ್ಯಾಗ ಮತ್ತ ಕಂಡಿಕಿ ಸುತ್ತಾಕ ಹೋಗ್ಲೇನು?"

ಊರಂಚಿನಲ್ಲಿ ನೇಕಾರರಿಗೆ ಕಂಪ್ಯೂಟರ್ ವಿನ್ಯಾಸ ಕಲಿಸುವ ಒಂದು ಕೇಂದ್ರ ಒಂದು ವರ್ಷ ನಡೆದು ಮುಚ್ಚಿತ್ತು. ಅಲ್ಲಿ ಕಲಿಸುತ್ತಿದ್ದ ನರೇಂದರ್, ಉಳಿದ ಒಂದು ಯಂತ್ರವನ್ನು ಗ್ರಾಫ್ ಬರೆಯುವ ಸಾಫ್ಟ್‌ವೇರ್ ಸಮೇತ ಅಮರಮ್ಮನವರಿಗೆ ಕೊಟ್ಟರು. ಆಗಸ್ಟ್ ಹತ್ತೊಂಬತ್ತರಂದು ತಾವೇ ತಂದು ಜೋಡಿಸಿದರು. ಜೊತೆಯಲ್ಲಿ ಒಂದು ಕಪ್ಪು ಸಾಧನವೂ ಬಂತು: ತಲೆಗೆ ಕಟ್ಟಿಕೊಂಡು ಕಣ್ಣು ಮುಚ್ಚುವಂತೆ ಇಳಿಸಿಕೊಳ್ಳುವ ದಪ್ಪ ಕನ್ನಡಕ. ವರ್ಚುವಲ್ ರಿಯಾಲಿಟಿ, ಎಂದರೆ ಇಲ್ಲದ ಜಾಗವನ್ನು ಕಣ್ಣೆದುರು ಇದ್ದಂತೆಯೇ ತೋರಿಸುವುದು, ಅದರ ಕೆಲಸವಂತೆ. ಕೇಂದ್ರಕ್ಕೆ ಬಂದ ಅತಿಥಿಗಳಿಗೆ ಮಗ್ಗದ ಒಳಭಾಗವನ್ನು ಅದರಲ್ಲಿ ತೋರಿಸುತ್ತಿದ್ದರಂತೆ. ಅಮರಮ್ಮ ಅದಕ್ಕೆ ಟೋಪಿ ಕನ್ನಡಕ ಎಂದು ಹೆಸರಿಟ್ಟರು. ನರೇಂದರ್ ಎಲ್ಲ ವೈರುಗಳನ್ನೂ ಜಡೆಯಂತೆ ಬಿಗಿದು ಮೇಜಿನ ಹಿಂದೆ ಇಳಿಬಿಟ್ಟು, "ಎಲ್ಲಾ ಒಂದಕ್ಕೊಂದು ಸೆಟ್ ಆಗ್ಯಾವ. ಒಂದ್ ವೈರ್ ಸೈತ ಮುಟ್ಟಬ್ಯಾಡ್ರಿ ಅಮರಮ್ಮಾ, ಆಮೇಲೆ ನನ್ನ ಕೇಳಬ್ಯಾಡ್ರಿ" ಎಂದರು. ವಾರದೊಳಗೆ ಅವರು ಊರು ಬಿಟ್ಟರು. ಅವರ ನಂಬರಿಗೆ ಕರೆ ಮಾಡಿದರೆ ಬೇರೆ ಯಾರೋ ಎತ್ತಿಕೊಂಡು ತೆಲುಗಿನಲ್ಲಿ ರೇಗುತ್ತಿದ್ದರು.

ಮೊದಲ ಎರಡು ವಾರ ಯಾವ ತೊಂದರೆಯೂ ಇರಲಿಲ್ಲ. ಚೌಕವನ್ನು ಹೆಬ್ಬೆರಳಿನ ಉಗುರಿನಷ್ಟು ಹಿಗ್ಗಿಸಿಕೊಂಡು ಅಮರಮ್ಮ ಅಂಚಿನ ಅರ್ಧವನ್ನು ಮುಗಿಸಿದ್ದರು. ಸೆಪ್ಟೆಂಬರ್ ಎರಡರಂದು ಶ್ರಾವಣದ ಅಮಾವಾಸ್ಯೆ ಬಂತು. ಆ ದಿನ ನಮ್ಮ ಕಡೆ ಮಗ್ಗಕ್ಕೆ ರಜೆ; ಹತಾರಗಳನ್ನು ಒರೆಸಿ ಪೂಜಿಸಿ ಮಲಗಿಸುವ ದಿನ. ಅಮರಮ್ಮ ಕಂಪ್ಯೂಟರನ್ನು ಆರಿಸಿದರು, ಬೀರಪ್ಪನ ಭಂಡಾರದ ಅರಿಶಿನವನ್ನು ಅದಕ್ಕೂ ಕೀಲಿಮಣೆಗೂ ಹಚ್ಚಿದರು. ಅವರ ತಂದೆಯ ಉಣ್ಣೆ ಕತ್ತರಿಸುವ ಕತ್ತರಿ ಗೋಡೆಯ ಮೊಳೆಯಲ್ಲಿ ಇತ್ತು; ಟೋಪಿ ಕನ್ನಡಕವನ್ನೂ ಅದರ ಪಕ್ಕದಲ್ಲಿ ತೂಗುಹಾಕಿದರು. ಕೆಲಸವಿಲ್ಲದ ಹತಾರವನ್ನು ಬರಿಮೈಯಲ್ಲಿ ಬಿಡಬಾರದೆಂಬುದು ಅವರ ತವರಿನ ಪದ್ಧತಿ. ಕತ್ತರಿಗೆ ಹೊದಿಸಿದಂತೆ ಕನ್ನಡಕಕ್ಕೂ ಬೂದು ಬಣ್ಣದ ಕಂಬಳಿಯ ಒಂದು ತುಂಡು ಸಂದಿತು. ಮರುದಿನ ಬೆಳಿಗ್ಗೆ ಒಂಬತ್ತು ಹತ್ತಕ್ಕೆ ಆ ಮನೆ ಬಂತು.

ಮೂಲೆಯ ಗುಣಾಕಾರದ ಗುರುತನ್ನು ಒತ್ತಿ ಅದನ್ನು ಮುಚ್ಚಿದೆವು. ಹೋಯಿತು. ಅಮರಮ್ಮ ಹತ್ತು ಚೌಕ ತುಂಬುವಷ್ಟರಲ್ಲಿ ಮತ್ತೆ ಬಂತು. ಅದು ಬಂದಾಗಲೆಲ್ಲ ಕಂಪ್ಯೂಟರಿನ ಒಳಗಿನ ಬೀಸಣಿಗೆ ಗುಂಯ್ಗುಡುತ್ತಿತ್ತು, ಗ್ರಾಫ್ ಸಾಫ್ಟ್‌ವೇರ್ ಕಲ್ಲಿನಂತೆ ನಿಂತುಬಿಡುತ್ತಿತ್ತು. ಐದನೆಯ ತಾರೀಖು, ಉಳಿಸಿರದ ಎಂಬತ್ತು ಸಾಲುಗಳು ಹೀಗೆಯೇ ಕಳೆದುಹೋದವು.

ಅಂದಿನಿಂದ ನಾನು ಒಂದು ಪಟ್ಟಿ ಇಟ್ಟೆ. ತಾರೀಖು, ಮನೆ ಕಾಣಿಸಿಕೊಂಡ ಸಮಯ, ಕರೆಂಟು ಹೋಗಿ ಬಂದಿತ್ತೇ, ಮಳೆ ಇತ್ತೇ, ಅದಕ್ಕೆ ಮೊದಲು ಯಾವ ಗುಂಡಿ ಒತ್ತಿದ್ದು. ಒಂದು ವಾರದ ಬಳಿಕ ಆ ಪಟ್ಟಿಯಿಂದ ತಿಳಿದದ್ದು ಇಷ್ಟೇ: ಕೆಲವು ದಿನ ಅದು ಬರುತ್ತದೆ, ಕೆಲವು ದಿನ ಬರುವುದಿಲ್ಲ. ಎಂಟರಂದು ಇಡೀ ದಿನ ಬರಲಿಲ್ಲ. ನಾವು ಏನೂ ಮಾಡಿರಲಿಲ್ಲ. ಒಂಬತ್ತರಂದು ಆರು ಸಲ ಬಂತು. ಅಂದೂ ನಾವು ಏನೂ ಮಾಡಿರಲಿಲ್ಲ.

ಫೋನಿನಲ್ಲಿ ಒಂದು ವಿಡಿಯೋ ನೋಡಿದೆ. ಕಂಪ್ಯೂಟರ್ ಎದ್ದೇಳುವಾಗ ಯಾವ ಯಾವ ಸಾಫ್ಟ್‌ವೇರ್ ತಾನಾಗಿ ಏಳಬೇಕೆಂಬ ಒಂದು ಯಾದಿ ಒಳಗೇ ಇರುತ್ತದೆಂದೂ ಬೇಡದ್ದನ್ನು ಅಲ್ಲಿ ನಿಲ್ಲಿಸಬಹುದೆಂದೂ ಅದರಲ್ಲಿ ಒಬ್ಬರು ಸಮಾಧಾನವಾಗಿ ವಿವರಿಸಿದರು. ಅಮರಮ್ಮನವರಿಗೆ ಇದು ತಕ್ಷಣ ಅರ್ಥವಾಯಿತು.

"ಅಂದ್ರ ಕಾರ್ಡಿನ ಸರಪಳಿ ಇದ್ದಂಗ. ಅದರಾಗ ಬ್ಯಾಡಾದ ಕಾರ್ಡ್ ಒಂದು ಹೊಲಿಗಿ ಬಿಚ್ಚಿ ತಗದ್ರ ಆತು."

ಯಾದಿಯಲ್ಲಿ ಆರು ಹೆಸರುಗಳಿದ್ದವು. ಆ ಮನೆಯ ಹೆಸರು ಯಾವುದೆಂದು ತಿಳಿಯದೆ ಆರನ್ನೂ ನಿಲ್ಲಿಸಿದೆ. ಮರುದಿನ ಕಂಪ್ಯೂಟರ್ ಹಚ್ಚಿದಾಗ ಧ್ವನಿ ಹೊರಡಲಿಲ್ಲ, ತೆಲುಗು ಕನ್ನಡ ಅಕ್ಷರಗಳ ಕೀಲಿಮಣೆ ಏಳಲಿಲ್ಲ. ಮನೆ ಮಾತ್ರ ಎಲ್ಲಕ್ಕಿಂತ ಮೊದಲು ಬಂದು ನಿಂತಿತು. ಯಾದಿಯಲ್ಲಿ ಅದರ ಹೆಸರೇ ಇರಲಿಲ್ಲವೆಂದು ಆಮೇಲೆ ತಿಳಿಯಿತು. ಬೇಡದ ಸಾಫ್ಟ್‌ವೇರನ್ನು ತೆಗೆದುಹಾಕುವ ಇನ್ನೊಂದು ಯಾದಿಯಲ್ಲಿ ಅದರ ಹೆಸರು ಸಿಕ್ಕಿತು; ಟೋಪಿ ಕನ್ನಡಕದ ಜೊತೆ ಬಂದ ಸಾಫ್ಟ್‌ವೇರ್ ಅದು. ಆದರೆ ತೆಗೆಯುವ ಗುಂಡಿ ಮಬ್ಬಾಗಿತ್ತು, ಒತ್ತಿದರೆ ಒತ್ತಿಸಿಕೊಳ್ಳಲಿಲ್ಲ. ಸರಪಳಿಯಲ್ಲಿ ಇಲ್ಲದ ಕಾರ್ಡು ಮಗ್ಗದ ಮೇಲೆ ಚಿತ್ತಾರ ಮೂಡಿಸುವುದು ಹೇಗೆಂದು ಅಮರಮ್ಮ ಕೇಳಿದರು. ನಾನು ವಿಜ್ಞಾನದಲ್ಲಿ ಪದವಿ ಪಡೆದವನೆಂಬುದು ಓಣಿಗೆಲ್ಲ ಗೊತ್ತಿತ್ತು. ಆ ಗಳಿಗೆಯಲ್ಲಿ ಅದು ಗೊತ್ತಿರದಿದ್ದರೆ ಒಳ್ಳೆಯದಿತ್ತು.

ಹದಿಮೂರರಂದು ನಾನು ವೈರಿಗೆ ಕೈ ಹಾಕಿದೆ. ಕನ್ನಡಕದ ವೈರನ್ನೇ ಕಿತ್ತರೆ ಎಲ್ಲ ಮುಗಿಯಬಹುದೆಂದು ತೋರಿತ್ತು. ಜಡೆಯೊಳಗೆ ಒಂದೇ ತರದ ಎರಡು ವೈರುಗಳಿದ್ದವು. ಒಂದನ್ನು ಎಳೆದೆ. ಪರದೆ ಕಪ್ಪಾಯಿತು.

"ಅಯ್ಯಯ್ಯೋ! ಹೋತ್ರೀ, ಎಲ್ಲಾ ಹೋತು!" ಎಂದು ಅಮರಮ್ಮ ಎರಡೂ ಕೈಯಿಂದ ತಲೆ ಹಿಡಿದುಕೊಂಡರು. ನಾನು ಕಿತ್ತದ್ದು ಪರದೆಯ ವೈರು. ಮತ್ತೆ ಸಿಕ್ಕಿಸಿದಾಗ ಎಲ್ಲ ಮೊದಲಿನಂತಾಯಿತು, ಮನೆಯೂ ಬಂತು. ಆದರೆ ಅಂದಿನಿಂದ ಮೇಜಿನ ಹಿಂದೆ ಯಾರೂ ಹೋಗಕೂಡದೆಂದು ಆಜ್ಞೆಯಾಯಿತು. "ಪೆದ್ದಯ್ಯ ತಾತ ಸುಮ್ಮ ಹೇಳಿಲ್ರಿ" ಎಂದರು.

ಎಲ್ಲಪ್ಪನವರು ಬೆಳಿಗ್ಗೆ ಕುರಿ ಹೊಡೆದುಕೊಂಡು ಹೋಗುವ ಮುನ್ನ ಬಾಗಿಲಲ್ಲಿ ನಿಂತು ಪರದೆಯನ್ನು ನೋಡುವುದು ರೂಢಿಯಾಗಿತ್ತು.

"ಅಷ್ಟು ದೊಡ್ಡ ಮನೀಗೆ ಒಂದು ಕುರಿದೊಡ್ಡಿ ಸೈತ ಕಟ್ಟಿಸಿಲ್ಲಲ್ಲ, ಎಂಥ ಶಾಣ್ಯಾ ಇರ್ಬೇಕು ಮಾಲಕ!"

"ನೀ ಹೋಗಿ ಕೇಳು ಅವನ್ನ. ಅಲ್ಲೇ ಇದ್ದುಬಿಡು, ಸೋಫಾ ಖಾಲಿ ಐತಿ" ಎಂದರು ಅಮರಮ್ಮ.

"ನಿನ್ನ ಕಂಪ್ಯೂಟರ್ ಹೆದರೇತಿ ನೋಡು. ಉಣ್ಣಿ ಕತ್ತರಿಸುವಾಗ ಮರಿ ಹೆದರಿ ಒದ್ದಾಡಿದ್ರ ಏನ್ ಮಾಡ್ತೀವಿ? ಕಣ್ಣಿಗೆ ಕಂಬಳಿ ಹೊದಿಸ್ತೀವಿ. ಸುಮ್ನ ಬೀಳ್ತೈತಿ. ಇದಕ್ಕೂ ಹಂಗ ಮಾಡು."

ಎಲ್ಲಪ್ಪ ತಮಾಷೆಗೆ ಹೇಳಿ ಕುರಿಗಳ ಹಿಂದೆ ಹೋದರು. ಅಮರಮ್ಮ ಅದನ್ನು ತಮಾಷೆಯಾಗಿ ತೆಗೆದುಕೊಳ್ಳಲಿಲ್ಲ. ಗೋಡೆಯಲ್ಲಿ ತೂಗುತ್ತಿದ್ದ ಕನ್ನಡಕದ ಎರಡು ಗಾಜುಗಳು ಅವರಿಗೆ ಮೊದಲಿನಿಂದಲೂ ಕಣ್ಣುಗಳಂತೆಯೇ ಕಂಡಿದ್ದವು. ಸಡಿಲವಾಗಿದ್ದ ಕಂಬಳಿಯ ತುಂಡನ್ನು ನಾಲ್ಕು ಮಡಿಕೆ ಮಾಡಿ ಆ ಗಾಜುಗಳ ಮೇಲೆ ಬಿಗಿಯಾಗಿ ತುರುಕಿದರು. ನಾನು ಅಲ್ಲಿಯೇ ಇದ್ದೆ, ನೋಡಿದೆ. ಹಿರಿಯರ ಒಂದು ಪದ್ಧತಿ ಎಂದುಕೊಂಡು ಸುಮ್ಮನಾದೆ. ಅಂದಿನಿಂದ ಮನೆ ಆಗಾಗ ಬಂದು ಮಾಯವಾಗುವುದು ನಿಂತಿತು. ಬಂದರೆ ಇಡೀ ದಿನ ಇರುತ್ತಿತ್ತು.

ಹದಿನಾಲ್ಕು ಶನಿವಾರ. ಪರದೆಯ ಫೋಟೋ ತೆಗೆದುಕೊಂಡು ಮಕ್ತಲಿಗೆ ಹೋದೆ. ಬಸ್‌ ನಿಲ್ದಾಣದ ಹತ್ತಿರ ಅಂಜನಕುಮಾರನ ಮೊಬೈಲ್ ಅಂಗಡಿ ಇದೆ. ಕಂಪ್ಯೂಟರುಗಳನ್ನೂ ಅವನು ನೋಡುತ್ತಾನೆ. ಫೋಟೋವನ್ನು ಕಣ್ಣಿನಿಂದ ದೂರ ಹಿಡಿದು, ಹತ್ತಿರ ಹಿಡಿದು, ತೀರ್ಪು ಕೊಟ್ಟ.

"ವೈರಸ್ ಸಾರ್. ಫುಲ್ ಒಳಗ ಕುಂತೈತಿ. ಫಾರ್ಮೆಟ್ ಹೊಡೀಬೇಕು."

"ಹೊಡೆದ್ರ ಗ್ರಾಫ್ ಸಾಫ್ಟ್‌ವೇರ್ ಉಳೀತೈತೇನಪ?"

"ಅದರ ಸೀಡಿ ಐತೇನ್ರಿ?"

"ಇಲ್ಲ. ಕೊಟ್ಟವ್ರೂ ಊರಾಗಿಲ್ಲ."

"ಹಂಗಾದ್ರ ಅದೂ ಹೋಗ್ತೈತಿ. ಮನಿಗೆ ಬೆಂಕಿ ಹಚ್ಚಿ ಇಲಿ ಹಿಡದಂಗ ಆಗ್ತೈತಿ ಸಾರ್, ಆದ್ರ ಇಲಿ ಪಕ್ಕಾ ಸಾಯ್ತೈತಿ."

ಅಮರಮ್ಮ ಒಪ್ಪಲಿಲ್ಲ. ಕಂಪ್ಯೂಟರನ್ನು ಆರಿಸಿ ಮತ್ತೆ ಹಚ್ಚಿದಾಗ ಮನೆ ಬರುವ ಮುಂಚೆ ಸಿಗುವ ಸಣ್ಣ ಸಣ್ಣ ಬಿಡುವುಗಳಲ್ಲಿ ಕೆಲಸ ಮಾಡಿದರು. ಒಂದೊಂದು ಸಾಲಿಗೂ ಉಳಿಸುವ ಗುಂಡಿ ಒತ್ತುವುದನ್ನು ರೂಢಿಸಿಕೊಂಡರು. ಇಪ್ಪತ್ತೆಂಟರ ಹೊತ್ತಿಗೆ ಅಂಚಿನಲ್ಲಿ ಇನ್ನೂ ನೂರಾ ಮೂವತ್ತೆರಡು ಸಾಲುಗಳು ಬಾಕಿ ಇದ್ದವು. ಅಂದು ಸಿದ್ದರಾಮೇಶನ ಫೋನ್ ಬಂತು.

"ಅಕ್ಕಾರ, ಬುಧವಾರ ಅಮಾಸಿ. ಆವತ್ತು ನಾವು ಮಿಷಿನ್ ಮುಟ್ಟಂಗಿಲ್ಲ, ನಿಮಗೂ ಗೊತ್ತು. ಮಂಗಳವಾರ ಮಧ್ಯಾಹ್ನದ ತನಕ ದಾರಿ ನೋಡ್ತೀನ್ರಿ. ಹೈದರಾಬಾದಿನವ್ರಿಗೆ ಏನ್ ಹೇಳ್ಲಿ?"

"ಮಂಗಳವಾರ ಹೇಳಪ" ಎಂದು ಅಮರಮ್ಮ ಫೋನ್ ಇಟ್ಟರು. ಅಂಜನಕುಮಾರನನ್ನು ಕರೆಸಲು ನನಗೆ ಹೇಳಿದರು. ಸಾಫ್ಟ್‌ವೇರ್ ಹೋಗುತ್ತದಲ್ಲ ಎಂದೆ. "ಇದ್ದೂ ಏನ್ ಮಾಡೂದೈತ್ರಿ? ಎರಡು ದಿನದಾಗ ಎಲ್ಲಿಂದಾರ ಇನ್ನೊಂದು ಹಾಕಿ ಕೊಟ್ರ ಕೊಡ್ಲಿ, ಇಲ್ಲಂದ್ರ ಬಿಡ್ಲಿ" ಎಂದರು. ಅಷ್ಟು ವರ್ಷಗಳಲ್ಲಿ ಅವರು ಎಣಿಸದೆ ತೆಗೆದುಕೊಂಡ ತೀರ್ಮಾನ ಅದೊಂದೇ ಎಂದು ನನಗೆ ಅನ್ನಿಸಿತು.

ಇಪ್ಪತ್ತೊಂಬತ್ತು, ಭಾನುವಾರ, ಹನ್ನೊಂದು ಗಂಟೆ ಇಪ್ಪತ್ತು ನಿಮಿಷಕ್ಕೆ ಅಂಜನಕುಮಾರ ಮೋಟಾರ್ ಸೈಕಲ್ಲಿನಲ್ಲಿ ಬಂದ. ಕಂಪ್ಯೂಟರನ್ನು ಮಕ್ತಲಿಗೆ ಒಯ್ಯಲು ದೊಡ್ಡದೊಂದು ಗೋಣಿಚೀಲ ತಂದಿದ್ದ. ಪರದೆಯ ಮೇಲೆ ಮನೆ ಇತ್ತು, ಬೆಳಗಿನಿಂದಲೂ ಇತ್ತು. ಅವನು ವೈರಿನ ಜಡೆಗೆ ಕೈ ಹಾಕುವಷ್ಟರಲ್ಲಿ ಅಮರಮ್ಮ, "ತಡಿಯಪ, ಕಂಬಳಿ ತಗೊಳ್ತೀನಿ" ಎಂದರು. ಪೂಜೆಯ ಕಂಬಳಿ ಪರರ ಮನೆಗೆ ಹೋಗುವಂತಿಲ್ಲ. ಮೊಳೆಯಿಂದ ಕನ್ನಡಕವನ್ನು ಇಳಿಸಿ, ತುರುಕಿದ್ದ ತುಂಡನ್ನು ಹೊರಗೆಳೆದು, ಕಣ್ಣಿಗೊತ್ತಿಕೊಂಡು ದೇವರ ಗೂಡಿನಲ್ಲಿಟ್ಟರು.

ಹಿಂದಿರುಗಿ ನೋಡಿದವರು ನಿಂತಲ್ಲೇ ನಿಂತರು.

"ಮನಿ ಹೋತಲ್ರಿ."

ಪರದೆಯ ಮೇಲೆ ಮನೆ ಮಬ್ಬಾಗಿತ್ತು. ಅದರ ಮೇಲೆ ಇಂಗ್ಲಿಷಿನಲ್ಲಿ ಒಂದು ಸಾಲು ಮೂಡಿತ್ತು. ಸಾಧನ ನಿದ್ರಿಸುತ್ತಿದೆ, ಧರಿಸಿಕೊಂಡರೆ ಏಳುತ್ತದೆ ಎಂದು ಅದರ ಅರ್ಥ.

"ನಾ ಬಂದೀನಲ್ರಿ, ಅಂಜಿ ಓಡಿ ಹೋಗೇತಿ" ಎಂದು ಅಂಜನಕುಮಾರ ನಕ್ಕ.

ಅಮರಮ್ಮ ನಗಲಿಲ್ಲ. ಗೂಡಿನಿಂದ ಕಂಬಳಿ ತಂದು ಕನ್ನಡಕದೊಳಗೆ ತುರುಕಿದರು. ಬೀಸಣಿಗೆ ಗುಂಯ್ಗುಟ್ಟಿತು, ಮನೆ ಎದ್ದಿತು. ತೆಗೆದರು. ಸ್ವಲ್ಪ ಹೊತ್ತಿಗೆ ಮನೆ ಮಬ್ಬಾಯಿತು. ಮತ್ತೆ ತುರುಕಿದರು, ಮತ್ತೆ ತೆಗೆದರು. ನಾಲ್ಕನೆಯ ಸಲಕ್ಕೆ ಕಂಬಳಿ ಬಿಟ್ಟು ಬರಿಯ ಅಂಗೈಯನ್ನು ಗಾಜುಗಳ ನಡುವೆ ಒಡ್ಡಿದರು. ಅಂಗೈಗೂ ಮನೆ ಎದ್ದು ಬಂತು.

"ಇದು ಕುರಿ ಅಲ್ರೀ ಅಣ್ಣಾರ" ಎಂದರು, ನಿಧಾನವಾಗಿ. "ಕುರಿ ಕಣ್ಣು ಮುಚ್ಚಿದ್ರ ಮಲಗ್ತೈತಿ. ಇದು ಕಣ್ಣು ಮುಚ್ಚಿದ್ರ ಏಳ್ತೈತಿ."

ಅಂಜನಕುಮಾರ ಮೊಬೈಲಿನ ಬೆಳಕು ಬಿಟ್ಟು ಕನ್ನಡಕದ ಒಳಗೆ ಇಣುಕಿದ. ಎರಡು ಗಾಜುಗಳ ನಡುವೆ, ಹಣೆ ತಾಗುವ ಜಾಗದಲ್ಲಿ, ಸಾಸಿವೆಯಷ್ಟು ದೊಡ್ಡ ಕಪ್ಪು ಚುಕ್ಕೆ ಇತ್ತು. ಯಾರಾದರೂ ತಲೆಗೆ ಹಾಕಿಕೊಂಡಿದ್ದಾರೆಯೇ ಇಲ್ಲವೇ ಎಂದು ನೋಡುವ ಸೆನ್ಸರ್ ಅದು. ಮುಂದೆ ಏನಾದರೂ ಅಡ್ಡ ಬಂದರೆ ಸಾಕು, ತಲೆ ಬಂತೆಂದು ತಿಳಿದು ಕಂಪ್ಯೂಟರನ್ನು ಎಬ್ಬಿಸುತ್ತದೆ.

"ಅಂದ್ರ ಒಂದು ತಿಂಗಳಿಂದ ನಮ್ಮ ಕಂಬಳಿ ಆ ಮನಿ ನೋಡಾಕ ಹತ್ತಿತ್ತೇನು?" ಎಂದರು ಅಮರಮ್ಮ.

"ಹಂಗ ಆತ್ರಿ ಅಕ್ಕಾರ" ಎಂದ ಅಂಜನಕುಮಾರ. ವೈರಸ್ಸಿನ ಮಾತನ್ನು ಅವನು ಮತ್ತೆ ಎತ್ತಲಿಲ್ಲ. ಗೋಣಿಚೀಲವನ್ನು ಮಡಿಚಿ ಕಂಕುಳಲ್ಲಿ ಇಟ್ಟುಕೊಂಡ.

ನಾನು ನನ್ನ ಪಟ್ಟಿಯನ್ನು ತೆಗೆದು ನೋಡಿದೆ. ಸೆಪ್ಟೆಂಬರ್ ಎರಡರ ಅಮಾವಾಸ್ಯೆ ಅದರಲ್ಲಿ ಇರಲಿಲ್ಲ. ಎಂಟರಂದು ಅಮರಮ್ಮ ಗೋಡೆ ಗುಡಿಸುವಾಗ ಕಂಬಳಿ ಜಾರಿ ಬಿದ್ದದ್ದು, ಮರುದಿನ ಅದನ್ನು ಮತ್ತೆ ಸಿಕ್ಕಿಸಿದ್ದು ಅವರಿಗೆ ನೆನಪಿತ್ತು. ನನ್ನ ಪಟ್ಟಿಗೆ ಗೊತ್ತಿರಲಿಲ್ಲ. ಕರೆಂಟಿಗೆ ಒಂದು ಕಾಲಂ ಇತ್ತು, ಮಳೆಗೆ ಇತ್ತು. ಕಂಬಳಿಗೆ ಇರಲಿಲ್ಲ.

ಏನನ್ನು ಹುಡುಕಬೇಕೆಂದು ತಿಳಿದ ಮೇಲೆ ಹುಡುಕುವುದು ಕಷ್ಟವಾಗಲಿಲ್ಲ. ಸೆಟ್ಟಿಂಗುಗಳ ಒಳಗೆ, ನಾನು ಒಮ್ಮೆಯೂ ತೆರೆದಿರದ ಒಂದು ಪುಟದಲ್ಲಿ ಆ ಸಾಲು ಇತ್ತು: ನಾನು ಧರಿಸಿದ್ದೇನೆಂದು ಸೆನ್ಸರಿಗೆ ಗೊತ್ತಾದಾಗ ತಾನಾಗಿ ಆರಂಭಿಸು. ಅದರ ಪಕ್ಕದ ಗುರುತನ್ನು ಅಮರಮ್ಮ ತಮ್ಮ ಕೈಯಾರೆ ತೆಗೆದುಹಾಕಿದರು. ಹಿಂದೆ ನಾನು ನಿಲ್ಲಿಸಿದ್ದ ಆರು ಹೆಸರುಗಳನ್ನು ಒಂದೊಂದಾಗಿ ಮತ್ತೆ ಹಚ್ಚಿದೆವು. ಧ್ವನಿ ಬಂತು, ಅಕ್ಷರಗಳು ಬಂದವು.

ಆ ಮಧ್ಯಾಹ್ನದಿಂದ ಸೋಮವಾರ ಸಂಜೆಯವರೆಗೆ ಅವರು ಮೇಜು ಬಿಟ್ಟು ಏಳಲಿಲ್ಲ. ಕನ್ನಡಕ ಬರಿಮೈಯಲ್ಲಿಯೇ ಮೊಳೆಯಲ್ಲಿ ತೂಗುತ್ತಿತ್ತು. ಗುರುತು ತೆಗೆದಿದ್ದರೂ ಅದಕ್ಕೆ ಏನನ್ನೂ ಹೊದಿಸುವ ಧೈರ್ಯ ಯಾರಿಗೂ ಇರಲಿಲ್ಲ. ಎಲ್ಲಪ್ಪನವರು ರೊಟ್ಟಿ ತಂದಿಟ್ಟು ಹೊರಗೆ ಹೋಗುತ್ತಿದ್ದರು. ನೂರಾ ಮೂವತ್ತೆರಡು ಸಾಲು ಮುಗಿದ ಮೇಲೆ ಅಮರಮ್ಮ ಇಡೀ ಅಂಚನ್ನು ಮೊದಲಿನಿಂದ ಎಣಿಸಿದರು. ಪರದೆಗೆ ಬೆರಳು ತಾಗಿಸಿ, ನಾಲ್ಕು ನಾಲ್ಕಾಗಿ.

ಮಂಗಳವಾರ ನಾನು ಅರ್ಧ ದಿನದ ರಜೆ ಹಾಕಿ ಅವರ ಜೊತೆ ಹೊರಟೆ. ಫೈಲನ್ನು ಫೋನಿನಲ್ಲಿಯೇ ಕಳಿಸಬಹುದೆಂದು ಹೇಳಿದೆ. ಅವರು ಪೆನ್ ಡ್ರೈವನ್ನು ಸೆರಗಿನ ತುದಿಯಲ್ಲಿ ಗಂಟು ಹಾಕಿಕೊಂಡಾಗಿತ್ತು. ಮಕ್ತಲಿನಲ್ಲಿ ಬಸ್ ಬದಲಿಸಿ ಹನ್ನೆರಡರ ಹೊತ್ತಿಗೆ ಗದ್ವಾಲ ಮುಟ್ಟಿದೆವು. ಸಿದ್ದರಾಮೇಶ ಫೈಲನ್ನು ತೆರೆದು, ಒಂದು ಗುಡಿಯ ಮೆಟ್ಟಿಲುಗಳನ್ನು ಎಣಿಸಿದ. ಇನ್ನೊಂದನ್ನು ಎಣಿಸಿದ. ಯಂತ್ರಕ್ಕೆ ಕೊಟ್ಟ. ಮೊದಲ ಕಾರ್ಡು ತೂತು ತೂತಾಗಿ ಹೊರಬಂದಾಗ ಅಮರಮ್ಮ ಅದನ್ನು ಬೆಳಕಿಗೆ ಹಿಡಿದು ನೋಡಿದರು.

"ಹೈದರಾಬಾದಿನವ್ರಿಗೆ ಏನ್ ಹೇಳ್ದಿ?" ಎಂದು ಕೇಳಿದರು.

"ಹೇಳೂದೇನೈತ್ರಿ ಅಕ್ಕಾರ. ಈ ಅಂಚಿಗೆ ಸೆರಗು ಬ್ಯಾಡೇನು? ಯಾವಾಗ ಕೊಡ್ತೀರಿ ಅದನ್ನ ಹೇಳ್ರಿ ಮೊದ್ಲು."

"ನಾಳಿ ಅಮಾಸಿ. ನಾಡದು ಹಚ್ಗೊಳ್ತೀನಿ" ಎಂದರು. ಹಿಂದಿರುಗುವಾಗ ಬಸ್ಸಿನಲ್ಲಿ ಮಕ್ತಲಿನವರೆಗೂ ಕಿಟಕಿಗೆ ತಲೆಯಾನಿಸಿ ನಿದ್ದೆ ಮಾಡಿದರು.

ಅಕ್ಟೋಬರ್ ಎರಡರ ಬೆಳಿಗ್ಗೆ ಪೂಜೆಯ ಹೊತ್ತಿಗೆ ನನ್ನನ್ನು ಕರೆಸಿದರು. ಕತ್ತರಿಗೆ ಹೊದಿಸಿಯಾಗಿತ್ತು. ಕೈಯಲ್ಲಿ ಬೂದು ಕಂಬಳಿಯ ಆ ತುಂಡು ಇತ್ತು.

"ಹೊದಿಸ್ಲೇನ್ರಿ?"

ಗುರುತನ್ನು ತೆಗೆದಿದ್ದೇವೆ, ಇನ್ನು ಏಳಬಾರದು ಎಂದೆ. 'ಏಳುವುದಿಲ್ಲ' ಎನ್ನಲು ನನಗೆ ಬಾಯಿ ಬರಲಿಲ್ಲ. ಅವರು ನನ್ನ ಮುಖವನ್ನು ಒಮ್ಮೆ ನೋಡಿ, ಭಂಡಾರ ಹಚ್ಚಿ, ಕಂಬಳಿಯನ್ನು ಕನ್ನಡಕದೊಳಗೆ ಇಟ್ಟರು. ಹತಾರವನ್ನು ಬರಿಮೈಯಲ್ಲಿ ಬಿಡುವುದು ಅವರಿಂದ ಆಗುವ ಕೆಲಸವಾಗಿರಲಿಲ್ಲ.

ಮೂರನೆಯ ತಾರೀಖು ಒಂಬತ್ತು ಗಂಟೆಗೆ ಕಂಪ್ಯೂಟರ್ ಹಚ್ಚಿದರು. ನಾವು ಮೂವರೂ ಪರದೆಯನ್ನು ನೋಡುತ್ತ ನಿಂತೆವು. ಒಂಬತ್ತು ಹತ್ತಾಯಿತು. ಒಂಬತ್ತೂಕಾಲಾಯಿತು. ಬೀಸಣಿಗೆ ಸದ್ದು ಮಾಡಲಿಲ್ಲ. ಗ್ರಾಫಿನ ಖಾಲಿ ಚೌಕಗಳಷ್ಟೇ ಪರದೆಯ ತುಂಬ ಇದ್ದವು.

"ಊರು ಬಿಟ್ಟು ಹೋದ್ರು ಅನಸ್ತೈತಿ ಮಾಲಕರು" ಎಂದು ಹೇಳಿ ಎಲ್ಲಪ್ಪನವರು ಕುರಿಗಳ ಕಡೆ ನಡೆದರು.

ಅಮರಮ್ಮ ಕೂತರು. ಮೌಸಿನ ಮೇಲೆ ಕೈಯಿಟ್ಟರು, ಆದರೆ ಒತ್ತಲಿಲ್ಲ. ಗೋಡೆಯ ಮೇಲೆ ಕಂಬಳಿ ಹೊದ್ದು ತೂಗುತ್ತಿದ್ದ ಕನ್ನಡಕವನ್ನು ಸ್ವಲ್ಪ ಹೊತ್ತು ನೋಡಿದರು.

"ಅಣ್ಣಾರ, ಆ ಮನಿ ಅದರಾಗ ಇನ್ನೂ ಐತೇನ್ರಿ? ನಮಗ ಕಾಣ್ಸಂಗಿಲ್ಲ, ಅಷ್ಟ ಹೌದಿಲ್ಲೋ?"

"ಗೊತ್ತಿಲ್ಲವ್ವ" ಎಂದೆ.

ಅವರು ತಲೆಯಾಡಿಸಿ, ಸೆರಗಿನ ಮೊದಲ ಚೌಕವನ್ನು ತುಂಬಿದರು.